ಒಂಬತ್ತು ಕುಳಿ

ನಾನೂರೈವತ್ತಕ್ಕೆ ಒಂದು ದಿನ, ನಾಲ್ಕು ಜಾಗ,
ಬೆಳಗಿನ ಎರಡು ಇಡ್ಲಿ ಅದರಲ್ಲೇ ಬಂತು.
ಕೋಟೆಯ ಟಿಕೆಟ್ಟು ಬೇರೆ, ಊಟ ಬೇರೆ,
ಶೌಚಾಲಯದ ಐದು ರೂಪಾಯಿ ಅವರವರದ್ದೇ.
ಚೀಟಿ ಎತ್ತಿದ ವಾರ. ಯಾರಿಗೂ ಹೇಳದೆ
ದಾವಣಗೆರೆ ಅರುಣಾ ಸರ್ಕಲ್ಲಿನಲ್ಲಿ ಆರೂಕಾಲಿಗೇ ನಿಂತೆ.
ಸೀಟು ಹಿಂದಿನ ಚಕ್ರದ ಮೇಲೆ,
ಮೊಣಕಾಲು ಗಲ್ಲಕ್ಕೆ.

ಭರಮಸಾಗರ ದಾಟುವಾಗ ಮುಂದಿನ ಸೀಟಿನ ಹುಡುಗ
ವಾಂತಿ ಮಾಡಿದ. ಅವನಜ್ಜಿ ನಿಂಬೆಹಣ್ಣು ಮೂಸಿಸಿ
ನನಗೂ ಒಂದು ಕೊಟ್ಟಳು:
‘ಇಟ್ಕಳವ್ವ, ವಾಪಸ್ ಬರೋವಾಗ ಬೇಕಾಗ್ತತಿ.’
ಗುಡ್ಡದ ಮೇಲೆ ಗಾಳಿಯಂತ್ರ,
ಒಂದು ತಿರುಗುತ್ತಿತ್ತು, ಮೂರು ಸುಮ್ಮನಿದ್ದವು,
ಥೇಟ್ ನನ್ನ ಹೊಲಿಗೆ ಅಂಗಡಿ.

ಗೈಡು ಪಾಲಯ್ಯ. ಕೊಡೆಯೇ ಅವನ ಬೆತ್ತ.
ವಾರದ ಐದನೇ ಗುಂಪು, ಗಂಟಲು ಕಟ್ಟಿದೆ,
ಪಾಳೇಗಾರರ ಹೆಸರು ಬಂದರೆ ಮಾತ್ರ ತಾನೇ ಏರುತ್ತದೆ.
‘ಏಳು ಸುತ್ತು! ಗಾರೆ ಇಲ್ಲ, ಸುಣ್ಣ ಇಲ್ಲ,
ಕಲ್ಲಿಗೆ ಕಲ್ಲೇ ಅಂಟು! ಸಂದೀಲಿ ಕೂದಲು ತೂರಿಸಿ ನೋಡ್ರಿ!’
ಎಲ್ಲರೂ ಕೂದಲು ಹುಡುಕಿಕೊಂಡರು.
ಬೋಳುತಲೆಯ ಬ್ಯಾಂಕಿನವರೊಬ್ಬರು
ಹೆಂಡತಿಯ ಜಡೆಗೆ ಕೈಹಾಕಿ ಬೈಸಿಕೊಂಡರು.
‘ಈ ಬಂಡೆ ಆನೆ. ಅದು ಕಪ್ಪೆ. ಕಾಣಲ್ವಾ?
ನಾನು ನಿಂತಲ್ಲಿ ಬಂದು ನಿಂತ್ಕಳ್ರಿ, ಕಾಣ್ತೈತೆ.’
ನಿಂತೆವು. ಕಂಡಿತು.
ಓಬವ್ವನ ಕಿಂಡಿಯಲ್ಲಿ ಒಬ್ಬೊಬ್ಬರಾಗಿ ತಲೆ ತೂರಿಸಿ
ಫೋಟೊ ತೆಗೆಸಿಕೊಂಡರು, ನಗುನಗುತ್ತ,
ಸರಿಯಾಗಿ ಒನಕೆ ಬೀಳುವ ಜಾಗದಲ್ಲೇ.

ಅಕ್ಕತಂಗಿ ಹೊಂಡದ ಹತ್ತಿರ ಹತ್ತು ನಿಮಿಷ ಬಿಡುವು.
ನಾನು ದಾರಿ ಬಿಟ್ಟು ನೆರಳಿಗೆ ಹೋದೆ.
ಅಲ್ಲೊಂದು ಬಂಡೆ. ಮೈಮೇಲೆ ಸಾಲು ಕುಳಿ,
ದಾರ ಹಿಡಿದು ಗುರುತು ಹಾಕಿದ ಹಾಗೆ. ಒಂಬತ್ತು.

ಬೆಣೆ ಕೂರಿಸಲು ಕೊರೆದದ್ದು. ನನಗೆ ಗೊತ್ತು.
ಆನಗೋಡಿನ ಆಚೆ ಅಪ್ಪ ಕೊರೆದದ್ದೂ ಇಂಥವೇ.
ಒಣಮರದ ಬೆಣೆ ಬಡಿದು, ನೀರು ಉಣಿಸಿ, ರಾತ್ರಿ ಬಿಟ್ಟರೆ
ಬೆಳಗ್ಗೆ ಕಲ್ಲು ತಾನೇ ಬಾಯಿ ಬಿಡ್ತದೆ ಅನ್ನುತ್ತಿದ್ದ.
ಅವನ ಕಾಲಕ್ಕೆ ಕಬ್ಬಿಣದ್ದು ಬಂದಿತ್ತು,
ಮರದ ಮಾತು ಅವನಜ್ಜನದು.
ಸುತ್ತಿಗೆ ತಪ್ಪಿ ಸೀಳಿದ ಹೆಬ್ಬೆರಳನ್ನು
ಸಾರನ್ನ ಕಲಸುವಾಗ ಮೇಲೆತ್ತಿ ಹಿಡಿಯುತ್ತಿದ್ದ,
ಖಾರ ತಾಗದಿರಲೆಂದು.

ಈ ಬಂಡೆ ಮಾತ್ರ ಒಡೆದಿಲ್ಲ.
ಒಂಬತ್ತು ಕೊರೆದರು, ನಿಲ್ಲಿಸಿದರು.
ಏನಾಯಿತು ಆವತ್ತು? ಮುದ್ದೆ ಬಂತೇ, ಮುತ್ತಿಗೆ ಬಂತೇ?
‘ಇದು ಬ್ಯಾಡ, ಆ ಕಡೇದು’ ಅಂದನೇ ಮೇಸ್ತ್ರಿ?
ಕೊರೆದಷ್ಟಕ್ಕಾದರೂ ಕೂಲಿ ಕೊಟ್ಟರೇ?

ಪಾಲಯ್ಯನನ್ನು ಕೇಳಿದೆ. ಕೊಡೆ ಮಡಚಿ ನೋಡಿದ.
‘ಇದು ನಮ್ಮ ಲಿಸ್ಟಲ್ಲಿ ಇಲ್ಲಕ್ಕ.’
ಆಮೇಲೆ, ಗುಂಪಿಗೆ ಕೇಳದಂತೆ:
‘ಕಲ್ಲನ್ನ ಆನೆ ಅಂತ ತೋರಿಸಿದ್ರೆ ದುಡ್ಡು ಕೊಡ್ತಾರೆ,
ತೂತನ್ನ ತೂತು ಅಂತ ತೋರಿಸಿದ್ರೆ?’

ಐದನೇ ಕುಳಿಯಲ್ಲಿ ಮೊನ್ನೆಯ ಮಳೆ ನಿಂತಿತ್ತು.
ಹೆಬ್ಬೆರಳಿಟ್ಟೆ. ಗೆಣ್ಣಿನವರೆಗೆ ತಂಪು,
ಅಲ್ಲಿಂದ ಮೇಲೆ ಬಿಸಿಲು.
ನೀರು ಉಣಿಸುವ ಕೆಲಸ ಇನ್ನೂ ನಡೆದೇ ಇದೆ.
ಬೆಣೆ ಯಾರೂ ತಂದಿಲ್ಲ.

ಸೀಟಿ ಊದಿದ. ಚಂದ್ರವಳ್ಳಿಗೆ ಹೊತ್ತಾಯಿತು.
ಅಲ್ಲಿ ಗುಹೆಯ ಕತ್ತಲಲ್ಲಿ ಹದಿನೆಂಟು ಮೊಬೈಲಿನ ಬೆಳಕು
ಹಚ್ಚಿಕೊಂಡು ನಡೆದೆವು. ಕಂಡದ್ದು
ಮುಂದಿದ್ದವರ ಬೆನ್ನು.

ವಾಪಸಾಗುವಾಗ ಬ್ಯಾಂಕಿನವರು ಐವತ್ತರ ಲೆಕ್ಕ ಕೇಳಿದರು.
ಪಾಲಯ್ಯ ಕೊಟ್ಟ. ನೋಟು ಬೆವರಿಗೆ ಮೆತ್ತಗಾಗಿತ್ತು.
ಹುಡುಗ ನಿದ್ದೆ, ಅಜ್ಜಿ ನಿದ್ದೆ.
ನಿಂಬೆಹಣ್ಣು ಮೂಸುತ್ತ ಕೂತೆ, ಮೊಣಕಾಲು ಗಲ್ಲಕ್ಕೆ.
ನಾಳೆ ಹತ್ತಕ್ಕೆ ಅಂಗಡಿ ತೆಗೆಯಬೇಕು.
ಸಾಲಾಗಿ ತೂತು ಹಾಕುವುದೇ ನನ್ನ ಕಸುಬೂ.
ಅರ್ಧಕ್ಕೆ ಬಿಟ್ಟ ಜಂಪರು ಎರಡಿವೆ.