ಮೂರು ಕಿಲೋ ಬಸವನಹುಳು

ನೇಯುವವರು ಹೋದಮೇಲೆ ಮಗ್ಗ ಒಲೆಗೆ ಹೋಯಿತು,
ಹಣಿಗೆ ಮಾತ್ರ ಉಳಿಯಿತು.
ಅದನ್ನು ಗೇಣುದ್ದ ಕತ್ತರಿಸಿ
ಹಲಗೆಗೆ ಹೊಡೆದವಳು ನಮ್ಮಜ್ಜಿ.
ನೂಲು ಹಾಯುತ್ತಿದ್ದ ಹಲ್ಲುಗಳ ಮೇಲೆ
ಈಗ ಹಿಟ್ಟು ಹಾಯುತ್ತದೆ.

ಟೀಸಾ ನದಿಯ ಬಯಲಲ್ಲಿ, ನಮ್ಮ ಕಡೆ,
ಮದುವೆ ಗೊತ್ತಾದರೆ ಮೊದಲು ಕೋಳಿ ಎಣಿಸುವುದಿಲ್ಲ,
ಬಿಡುವಿರುವ ಹೆಂಗಸರನ್ನು ಎಣಿಸುತ್ತೇವೆ.
ಹನ್ನೊಂದು ಜನ ಬಂದರು ಆ ಗುರುವಾರ,
ತಂತಮ್ಮ ಹಣಿಗೆ, ಕದಿರು
ಏಪ್ರನ್ನಿನಲ್ಲಿ ಸುತ್ತಿಕೊಂಡು.
ಕಿಲೋ ಹಿಟ್ಟಿಗೆ ಹತ್ತು ಮೊಟ್ಟೆ.
ನೀರು ಬೇಡವಾ ಅಂತ ಯಾವಳೋ ಚಿಕ್ಕವಳು ಕೇಳಿದಳು.
‘ನಿಮ್ಮನೆ ಕೋಳಿಗಳು ಮುಷ್ಕರ ಹೂಡಿವೆಯೇನೇ?’ ಅಂದಳು ರೊಜಾಲಿಯಾ,
ಎಂಬತ್ತೆರಡರ ಮುದುಕಿ. ಕಣ್ಣು ಮಂಜು,
ಬೆರಳಿಗೆ ಎಲ್ಲ ಕಾಣುತ್ತದೆ.

ಲಟ್ಟಿಸಿದ ಹಾಳೆಯ ಕೆಳಗೆ ಪತ್ರಿಕೆ ಇಟ್ಟರೆ
ಸಾವಿನ ಸುದ್ದಿ ಓದಲು ಬರಬೇಕು, ಅಷ್ಟು ತೆಳು.
ಉಗುರಗಲದ ಚೌಕ.
ಮೂಲೆ ಹಿಡಿದು ಕದಿರಿಗೆ ಸುತ್ತಿ
ಹಣಿಗೆಯ ಮೇಲೆ ಒಮ್ಮೆ ಉರುಳಿಸಿದರೆ
ಜಾರಿ ಬೀಳುತ್ತದೆ
ಮೈತುಂಬ ಗೆರೆ ಹೊತ್ತ ಬಸವನಹುಳು.
ಇನ್ನೊಂದು. ಕತ್ತಲಾಗುವವರೆಗೆ ಇನ್ನೊಂದು.
ಮಂಚಗಳ ಮೇಲೆಲ್ಲ ಬಿಳಿ ಚಾದರ, ಚಾದರದ ತುಂಬ ಹುಳು;
ಆ ರಾತ್ರಿ ನಮ್ಮನೆಯಲ್ಲಿ ಎಲ್ಲರೂ ನೆಲಕ್ಕೆ.

ಮದುಮಗಳು ಎಮೆಶೆ, ನನ್ನ ತಂಗಿಯ ಮಗಳು.
ಅವಳು ಸುತ್ತಿದ್ದು ಮಾತ್ರ ನಿಲ್ಲಲೊಲ್ಲದು,
ಬಿಚ್ಚಿಕೊಂಡು ಮತ್ತೆ ಚೌಕ.
‘ಗಂಡನನ್ನೂ ಹೀಗೇ ಹಿಡಿಯುತ್ತೀಯಾ?’
ಯಾರೋ ಅಂದರು, ನಕ್ಕೆವು. ನಾನೂ ನಕ್ಕೆ.
ಅವಳು ನಗಲಿಲ್ಲ ಅನ್ನುವುದು ನನಗೆ ಹೊಳೆದದ್ದು ಶನಿವಾರ.

ಶನಿವಾರ ಬೆಳಗ್ಗೆ ಆರಕ್ಕೆ
ಹಿಂಬಾಗಿಲ ಮೆಟ್ಟಿಲಲ್ಲಿ ಕೂತಿದ್ದಳು, ತಂದೆಯ ಕೋಟು ಹೊದ್ದು.
‘ದೊಡ್ಡಮ್ಮ, ನಾನು ಆಗುವುದಿಲ್ಲ.’
‘ಏನು ಆಗುವುದಿಲ್ಲ?’
‘ಮದುವೆ.’

ಆಮೇಲಿನದನ್ನು ಹೇಳಲಾರೆ. ಫೋನು, ಬಾಗಿಲು,
ಬ್ಯಾಂಡಿನವರಿಗೆ ಕೊಟ್ಟ ಮುಂಗಡ,
ಚಿಲಕ ಹಾಕಿಕೊಂಡ ನನ್ನ ತಂಗಿ.
ನೆಲಮಾಳಿಗೆಯಲ್ಲಿ ಪುಕ್ಕ ಕಿತ್ತ ಹದಿನಾರು ಕೋಳಿ
ಸಾಲಾಗಿ ಕಾಯುತ್ತಿದ್ದವು.
ಅವಕ್ಕೆ ಯಾರೂ ತಿಳಿಸಿರಲಿಲ್ಲ.

ಹದಿನೈದನ್ನು ಬೀದಿಗೆ ಹಂಚಿದೆ. ಒಂದನ್ನು ಇಟ್ಟುಕೊಂಡೆ,
ಮುದಿ ಹೇಂಟೆ, ಹಳದಿ ಕೊಬ್ಬಿನದು.
ತಣ್ಣೀರಲ್ಲೇ ಇಡಬೇಕು.
ಬಿಸಿನೀರಿಗೆ ಹಾಕಿದರೆ ಮೈ ಬಿಗಿಹಿಡಿದು
ಒಳಗಿನದನ್ನು ಒಳಗೇ ಇಟ್ಟುಕೊಳ್ಳುತ್ತದೆ.
ಮೊದಲ ನೊರೆ ಬೂದು. ತೆಗೆದೆ. ಮತ್ತೆ ಬಂತು, ಮತ್ತೆ ತೆಗೆದೆ.
ಗಜ್ಜರಿ, ಪಾರ್ಸ್ಲಿ ಬೇರು, ಹತ್ತು ಕಾಳು ಮೆಣಸು,
ಸಿಪ್ಪೆಸಮೇತ ಒಂದು ಈರುಳ್ಳಿ. ಸಾರಿನ ಬಂಗಾರವೆಲ್ಲ
ನಾವು ಎಸೆಯುವ ಆ ಸಿಪ್ಪೆಯಲ್ಲಿದೆ.
ಕುದಿ ಬರಬಾರದು, ಕುದಿದರೆ ಕದಡುತ್ತದೆ.
ಅಂಚಿನಲ್ಲಿ ಒಂದು ಗುಳ್ಳೆ ಏಳಬೇಕು,
ಎರಡನೆಯದು ಏಳಲೋ ಬೇಡವೋ ಅಂತ
ಸ್ವಲ್ಪ ಯೋಚಿಸಬೇಕು.

ನಾಲ್ಕು ಗಂಟೆ.
ಅವಳು ಮೇಜಿಗೆ ಕೆನ್ನೆ ಹಚ್ಚಿ ಕೂತಿದ್ದಳು.
ಯಾಕೆ ಅಂತ ಕೇಳಬೇಕೆನಿಸಿದಾಗೆಲ್ಲ
ಒಲೆ ಇನ್ನಷ್ಟು ಸಣ್ಣ ಮಾಡಿದೆ.

ಸಂಜೆ ಬೇಲಿ ದಾಟಿ ರೊಜಾಲಿಯಾ ಬಂದಳು, ತನ್ನದೇ ಚಮಚ ತಂದಿದ್ದಳು.
ಬೇರೆ ಪಾತ್ರೆಯಲ್ಲಿ ಶಾವಿಗೆ ಬೇಯಿಸಿ, ಸೋಸಿ,
ಮೇಲೆ ಸಾರು ಸುರಿದೆ. ಎಣ್ಣೆಯ ಕಣ್ಣುಗಳು
ತೇಲಿ ಬಂದು ಒಂದನ್ನೊಂದು ಮುಟ್ಟಿದವು.
ಮುದುಕಿ ಬಾಯಲ್ಲಿ ಹೊರಳಿಸಿ ನೋಡಿ,
‘ಇದು ನನ್ನದು,’ ಅಂದಳು. ‘ಇದು ನಿನ್ನ ದೊಡ್ಡಮ್ಮನದು, ಅವಸರದ ಕೈ.’
ಆಮೇಲೆ ಸುಮ್ಮನಾಗಿ, ‘ಇದು ನಿನ್ನದು ಕಣೇ. ಚಪ್ಪಟೆ,’
ಅಂದು ನುಂಗಿದಳು.
ಎಮೆಶೆಗೆ ನಗು ಬಂತು, ಸಾರು ಮೂಗಿಗೇರಿತು,
ಕೆಮ್ಮಿ ಕೆಮ್ಮಿ ಅತ್ತಳು. ಅಳು ಯಾವುದು, ಸಾರು ಯಾವುದು,
ಒರೆಸಿಕೊಟ್ಟ ನನಗೂ ತಿಳಿಯಲಿಲ್ಲ.

ಉಳಿದ ಹುಳುಗಳನ್ನು
ಇಬ್ಬರ ಹೆಸರು ಕಸೂತಿ ಹಾಕಿದ ದಿಂಬಿನ ಚೀಲಕ್ಕೆ ತುಂಬಿ
ಉಗ್ರಾಣದ ಮೊಳೆಗೆ ನೇತುಹಾಕಿದ್ದೇನೆ.
ಒಣಗಿದ್ದು ಕೆಡುವುದಿಲ್ಲ.

ಅವಳು ಮೂರನೇ ಸಲ ತಟ್ಟೆ ಚಾಚಿದಳು.
ಬಡಿಸಿದೆ.
ಇನ್ನೂ ಎರಡೂಮುಕ್ಕಾಲು ಕಿಲೋ ಇದೆ.