ತಿಂಗಳ ಕಡತ

ತಪ್ಪು ನನ್ನದೇ. ಮೊದಲೇ ಹೇಳಿಬಿಡುತ್ತೇನೆ.

ಎರಡು ಸಾವಿರದ ಹದಿನೆಂಟು, ಅಕ್ಟೋಬರ್.
ಗಡಿಯಾರ ಹಿಂದಿಡಬೇಡಿ, ಚಳಿಗಾಲಕ್ಕೂ ಇದೇ ಹೊತ್ತು ಎಂದು
ರಬಾತಿನಿಂದ ಅಪ್ಪಣೆ ಬಂದದ್ದು ಶುಕ್ರವಾರ,
ಜಾರಿ ಭಾನುವಾರ.
ಸಾಫಿಯ ಸಾರ್ಡೀನ್ ಕಾರ್ಖಾನೆಯ ಹಾಜರಿ ಯಂತ್ರಕ್ಕೆ
ಅದನ್ನು ಯಾರು ತಿಳಿಸಬೇಕು?
ಒಳಗಿನ ಕಡತ ಹಳೆಯದು, ಬಾಯಿಪಾಠ ಒಪ್ಪಿಸುವಂಥದು,
ಭಾನುವಾರ ಬಂದರೆ ಒಂದು ಗಂಟೆ ಹಿಂದೆ ಬೀಳುವುದೇ ಸೈ.
ಊರುಗಳ ಉದ್ದನೆಯ ಪಟ್ಟಿ ತೆರೆದೆ.
ಕಾಸಾಬ್ಲಾಂಕಾ ಬಿಟ್ಟು ಅಲ್ಜೀರ್ಸ್ ಒತ್ತಿದೆ.
ಅಲ್ಲಿ ವರ್ಷವಿಡೀ ಒಂದೇ ಹೊತ್ತು, ತಂಟೆಯಿಲ್ಲ.

ಪಕ್ಕದ ದೇಶ. ಗಡಿ ಮುಚ್ಚಿ ಇಪ್ಪತ್ತನಾಲ್ಕು ವರ್ಷ.
ನನ್ನ ಚಿಕ್ಕಮ್ಮ ಸ್ವಂತ ತಂಗಿಯ ಮದುವೆಗೆ ಹೋಗಲಾಗದ ಕಡೆಗೆ
ಯಂತ್ರ ಒಂದು ಕ್ಲಿಕ್ಕಿಗೆ ದಾಟಿಹೋಯಿತು.
ನಾನು ಚಹಾ ಕುಡಿದು ಮನೆಗೆ ನಡೆದೆ. ಮರೆತೆ.

ಮೇ ತಿಂಗಳು. ರಂಜಾನ್ ಹೊಸ್ತಿಲಲ್ಲಿತ್ತು.
ಉಪವಾಸವಿರುವವರಿಗಾಗಿ ದೇಶವೇ ಒಂದು ಗಂಟೆ ಹಿಂದೆ ಸರಿಯಿತು,
ನಸುಕಿನ ಮೂರು ಮತ್ತೆ ಎರಡಾಯಿತು.
ಯಂತ್ರ ಮಾತ್ರ ಅಲ್ಜೀರ್ಸಿನಲ್ಲೇ ಕೂತಿತ್ತು.
ಏಳಕ್ಕೆ ಬಂದ ನಲವತ್ತೊಂದು ಹೆಂಗಸರನ್ನು
ಎಂಟಕ್ಕೆ ಬಂದರೆಂದು ಬರೆದುಕೊಂಡಿತು,
ದಿನಾ, ಹದಿನೈದು ದಿನ, ಒಂದು ನಿಮಿಷವೂ ತಪ್ಪದೆ.
ತಡವಾಗಿ ಬಂದದ್ದಕ್ಕೆ ಕಡಿತವುಂಟು,
ತಡವಾಗಿ ಹೋದದ್ದಕ್ಕೆ ಅದರಲ್ಲಿ ಅಂಕಣವಿಲ್ಲ.

ಬಟವಾಡೆಯ ದಿನ ಮೇಸ್ತ್ರಿ ಬೂಅಜ್ಜಾ ಪಟ್ಟಿ ಓದಿದ.
ಯಂತ್ರಕ್ಕೆ ಸುಳ್ಳು ಹೇಳಿ ಆಗಬೇಕಾದ್ದೇನು ಅಂದ.
ಇಜ್ಜಾ ಎಂಬಾಕೆ, ಬೆರಳ ಸಂದಿಯಲ್ಲಿ ಇನ್ನೂ ಹುರುಪೆ,
ಜಗಳಕ್ಕೆ ನಿಲ್ಲಲಿಲ್ಲ. ಇಷ್ಟೇ ಅಂದಳು:
ನಾನು ಬಂದಾಗ ಪೆಟ್ಟಿಗೆಯ ಮಂಜುಗಡ್ಡೆಗೆ ಮೂಲೆಗಳಿದ್ದವು.
ಎಂಟಕ್ಕೆ ಅದು ನೀರು.
ಇಪ್ಪತ್ತು ವರ್ಷದಿಂದ ಮುಟ್ಟುತ್ತಿದ್ದೇನೆ.
ಅದನ್ನು ಕೇಳಿ ಬಾ ಹೋಗು.

ಅವತ್ತು ರಾತ್ರಿ ಯಂತ್ರವನ್ನು ಮೊರಾಕ್ಕೊಗೆ ಕರೆತಂದೆ.
ಕೂಲಿ ವಾಪಸಾಯಿತು, ಗಂಟೆಗೆ ಹದಿಮೂರು ದಿರ್ಹಮ್ ಚಿಲ್ಲರೆ.
ಕಾರಣ ಕೇಳಿದ ಧಣಿಗೆ, ಯಂತ್ರದ ದೋಷ ಎಂದೆ.

ಲೈಬ್ರರಿ ಎನ್ನುತ್ತೇವೆ ಇದನ್ನು.
ಕಪಾಟಿಲ್ಲ, ಧೂಳಿಲ್ಲ, ಸದ್ದು ಮಾಡಬೇಡಿ ಎನ್ನುವವರಿಲ್ಲ.
ಊರಿಗೊಂದು ಕಡತ. ಸಾಫಿಗೆ ಅದೂ ಇಲ್ಲ,
ನಾವು ಕಾಸಾಬ್ಲಾಂಕಾದ ಮನೆಯಲ್ಲಿ ಬಾಡಿಗೆಗೆ.
ಮುಂದಿನ ವರ್ಷ ಹೊಸ ಕಡತ ಬಂದಾಗ
ಸುಮ್ಮನೆ ಬಿಚ್ಚಿ ನೋಡಿದೆ. ಇಡೀ ಮನೆ ಎರಡು ಕಿಲೋಬೈಟ್,
ಇಜ್ಜಾಳ ಪಾಸ್‌ಪೋರ್ಟ್ ಫೋಟೋಕ್ಕಿಂತ ಚಿಕ್ಕದು.

ಬಾಗಿಲಲ್ಲೇ ಸಾವಿರದ ಒಂಬೈನೂರ ಹದಿಮೂರಕ್ಕೂ ಹಿಂದಿನ ಬಿಸಿಲು:
ಗ್ರೀನಿಚ್ಚಿಗಿಂತ ಮೂವತ್ತು ನಿಮಿಷ ಇಪ್ಪತ್ತು ಸೆಕೆಂಡು ಹಿಂದೆ.
ಆ ಇಪ್ಪತ್ತು ಸೆಕೆಂಡನ್ನು ಯಾರು ಕಾಪಾಡಿದರೋ.
ಒಳಗೆ ಹೋದಂತೆ ಒಂದರ ಹಿಂದೊಂದು ರಂಜಾನು,
ಇನ್ನೂ ಯಾರೂ ಕಾಣದ ತಿಂಗಳುಗಳು
ಸೆಕೆಂಡಿನ ಲೆಕ್ಕದಲ್ಲಿ ಸಾಲಾಗಿ ನಿಂತಿವೆ.
ನನ್ನ ಮಗಳು ಮುದುಕಿಯಾಗುವ ವರ್ಷ,
ನಾನಿರದ ವರ್ಷ,
ಎರಡು ಸಾವಿರದ ಎಂಬತ್ತೇಳು.

ಆಮೇಲೆ ತಿಂಗಳಿಲ್ಲ.
ಕೊನೆಯಲ್ಲಿ ಪುಟ್ಟ ಒಂದು ಸಾಲು:
ಒಂದು ಗಂಟೆ ಮುಂದೆ, ಎಂದೆಂದಿಗೂ.
ಥೇಟ್ ಅಲ್ಜೀರ್ಸಿನ ಹಾಗೆ.

ಇಜ್ಜಾಳಿಗೆ ಹೇಳಿದೆ. ಮೀನಿನ ತಲೆ ಚಿವುಟುತ್ತಾ ಕೇಳಿದಳು.
ಕಂಡ ಮೇಲೆ ತಾನೇ ಚಂದ್ರ, ಅಂದಳು.
ಆ ಮೇಲೆ ತಲೆಯೆತ್ತಿ,
ನಿನ್ನ ಆ ಯಂತ್ರದ ದೋಷ ಇದೆಯಲ್ಲ,
ಅದಕ್ಕೆ ಮೀಸೆ ಇತ್ತಂತೆ ಹೌದಾ, ಅಂದಳು.

ಪಕ್ಕದವಳು ನಕ್ಕಳು.
ಗೋಡೆಯ ಗಡಿಯಾರ ಏಳೂವರೆ.
ಮಂಜುಗಡ್ಡೆಗೆ ಮೂಲೆ ಒಂದು ಉಳಿದಿತ್ತು.