ಮೀಸೆ ಒಂದು, ವಾಪಸಿಲ್ಲ

ಲಿಯಾನಿನಿಂದ ಕಾಗದ ಬಂದಿದೆ, ಅಂಗಡಿಯ ಹಳೇ ವಿಳಾಸಕ್ಕೆ.
ಪೋಸ್ಟ್‌ಮನ್ ಮೂರು ದಿನ ಮಂಡ್ಯದ ಪೇಟೆ ಬೀದಿ ಸುತ್ತಿ
'ಡ್ರಾಮಾ ಸೀನರಿ ಮಾಯಿಗಯ್ಯನ ಮಗಳು ಯಾರು' ಅಂತ ಕೇಳಿ ಕೇಳಿ
ಕೊನೆಗೆ ನನ್ನ ಕೈಗೆ ಹಾಕಿದ.
ನಾದಿನಿಯ ಮಗ ಓದಿ ಹೇಳಿದ.

ಆರ್ಮಾಂ ತೆಸ್ಸಿಯೆ ತೀರಿಕೊಂಡರಂತೆ.
ಅವರ ಕೆಲಸವನ್ನೆಲ್ಲ ಇಸವಿವಾರು ಜೋಡಿಸುತ್ತಿದ್ದಾರಂತೆ:
ನಾಟಕ ನಲವತ್ತೊಂದು, ಸಿನಿಮಾ ಒಂಬತ್ತು,
ಬಹುಮಾನ ಬಂದದ್ದು, ಜನ ಕೂಗಿ ಎಬ್ಬಿಸಿದ್ದು, ಅರ್ಧಕ್ಕೇ ನಿಂತದ್ದು.
ಎಂಬತ್ನಾಲ್ಕರ ಎದುರಿಗೆ ಮಾತ್ರ ಬರೀ ಗೀಟು,
ಪೆಟ್ಟಿಗೆಯಲ್ಲಿ ನಮ್ಮಂಗಡಿಯ ಒಂದು ರಸೀದಿ.
ಅಲ್ಲಿ ಅವರು ಏನು ನಿರ್ದೇಶಿಸಿದರು? ದಯವಿಟ್ಟು ತಿಳಿಸಿ.

ಅಟ್ಟ ಹತ್ತಿ ಬಾಡಿಗೆ ಪುಸ್ತಕ ಇಳಿಸಿದೆ.
ಜಿರಲೆ ತಿಂದ ಅಂಚು. ಅಪ್ಪನ ಕೊಕ್ಕೆ ಅಕ್ಷರ.

ಬಂದದ್ದು ಸಿನಿಮಾ ತೆಗೆಯೋಕೆ, ನಿಜ.
ಕಬ್ಬಿನ ಗಾಡಿ, ಕಾರ್ಖಾನೆ ಹೊಗೆ, ಹನ್ನೊಂದು ದಿನ ತೆಗೆದರು.
ಹನ್ನೆರಡನೇ ದಿನ ತಂತಿ ಬಂತು:
ಪ್ಯಾರಿಸ್ಸಿನಲ್ಲಿ ದುಡ್ಡು ಹಾಕಿದವನು ಪಾಪರ್.
ಜೊತೆಯವರೆಲ್ಲ ರೈಲು ಹತ್ತಿದರು.
ಇವರು ಕ್ಯಾಮರಾ ಲಾಡ್ಜಿಗೆ ಒತ್ತೆಯಿಟ್ಟು
ದಿನಾ ಎರಡು ಇಡ್ಲಿ ತಿಂದುಕೊಂಡು ಉಳಿದರು.
ತೆಸ್ಸಿಯೆ ತೆಸ್ಸಯ್ಯ ಆದದ್ದು ಆಗಲೇ.

ಕೀಲಾರದಲ್ಲಿ ನಾಟಕದ ಪ್ರಾಕ್ಟೀಸು.
ಹಾರ್ಮೋನಿಯಂ ಜಯದೇವಾಚಾರ್ರು ಪಾರ್ಟು ಹಂಚುತ್ತಿದ್ದರು:
ರಾಜನಿಗೆ ಎರಡು ಸಾವಿರ, ಮಂತ್ರಿಗೆ ಎಂಟು ನೂರು.
'ಆಡುವವರೇ ದುಡ್ಡು ಕೊಡೋದಾ!'
ತೆಸ್ಸಯ್ಯ ನಕ್ಕರು, ಕಣ್ಣಲ್ಲಿ ನೀರು ಬರುವಷ್ಟು.
ಆಮೇಲೆ ಜೇಬು ತಡಕಿ ನೂರೈವತ್ತು ಎಣಿಸಿಟ್ಟರು.
ಆ ದುಡ್ಡಿಗೆ ಸಿಗೋದು ಬಾಗಿಲ ಭಟನ ಪಾರ್ಟು.
ಈಟಿ ಹಿಡಿದು ನಿಲ್ಲಬೇಕು. ಇರೋದು ಒಂದೇ ಮಾತು:
'ಮಹಾಪ್ರಭು, ಶತ್ರುಗಳು ಕೋಟೆ ಬಾಗಿಲಿಗೆ ಬಂದಿದ್ದಾರೆ.'

ಒಂದು ತಿಂಗಳು ಅದನ್ನೇ ಉರು ಹೊಡೆದರು.
ಅಂಗಡಿ ಮೆಟ್ಟಿಲ ಮೇಲೆ ಕೂತು ನನಗೆ ಒಪ್ಪಿಸೋರು,
ಹನ್ನೆರಡು ವರ್ಷದ ನಾನು 'ಬು ಅಲ್ಲ, ಭು, ಭು' ಎಂದು ಗದರೋಳು.
ಅವರ ನಾಲಿಗೆಗೆ ಮಹಾಪ್ರಾಣ ಹತ್ತಲಿಲ್ಲ.
ನಮ್ಮೂರಿನ ನಾಲಿಗೆಗೂ ಅಷ್ಟಕ್ಕಷ್ಟೇ, ಬಿಡಿ.

ಮೀಸೆ ಅಂಟಿಸಿದ್ದು ನಾನು. ಹುರಿ ಮೀಸೆ, ನಂಬರ್ ಏಳು.
ಬಲಗಡೆ ತುದಿ ನನ್ನ ಕೈಯಲ್ಲೇ ಚೂರು ಕಿತ್ತುಬಂತು.
ಅಂಟು ಉರಿಯಿತೇನೋ, ಅವರು ಕಣ್ಣು ಮುಚ್ಚಿಕೊಂಡರು.

ಬೆಳಗಿನ ಜಾವ ಮೂರಕ್ಕೆ ಅವರ ಸೀನು.
ಪಂಪ್‌ಸೆಟ್ ರಿಪೇರಿ ಕರಿಗೌಡ ಸಿಂಹಾಸನದ ಮೇಲೆ
ಎರಡು ಸಾವಿರ ವಸೂಲಾಗುವ ತನಕ ಹಾಡುತ್ತಿದ್ದ.
ತೆಸ್ಸಯ್ಯ ಬಂದರು. ನಿಂತರು.
ಬಾಯಿ ತೆರೆಯಿತು,
ಮಾತು ಬರಲಿಲ್ಲ.
ಪರದೆ ಮರೆಯಿಂದ ನಾನು: ಮಹಾ... ಮಹಾ...
ಹಾರ್ಮೋನಿಯಂ ಒಂದೇ ಸ್ವರ ಎಳೆಯಿತು, ಎಳೆಯಿತು.
ಕರಿಗೌಡನೇ ಕತ್ತಿ ಹಿರಿದು ಎದ್ದ:
'ಭಟ! ನಿನ್ನ ಮೌನವೇ ಹೇಳುತ್ತಿದೆ, ಶತ್ರುಗಳು ಬಂದರು!'
ಚಪ್ಪಾಳೆಯೋ ಚಪ್ಪಾಳೆ.

ಕಾಗದದ ಜೊತೆ ಒಂದು ಫೋಟೋ ಇದೆ.
ಎಂಬತ್ತೇಳರಲ್ಲಿ ಮಾಡಿಸಿದ್ದು, ಅವರ ಬಲು ದೊಡ್ಡ ನಾಟಕವಂತೆ.
ಎರಡೂವರೆ ಗಂಟೆ ಒಬ್ಬ ಕಾವಲುಗಾರ
ಬಾಗಿಲಲ್ಲಿ ತುಟಿ ಬಿಚ್ಚದೆ ನಿಲ್ಲುತ್ತಾನಂತೆ.
ಅವನು ಸಾವು ಎಂದು ಒಬ್ಬರು ಬರೆದರಂತೆ,
ಇನ್ನೊಬ್ಬರು ದೇವರು ಎಂದರಂತೆ.
ನಾನು ಕನ್ನಡಕ ಹಾಕಿಕೊಂಡು ನೋಡಿದ್ದು ಮೀಸೆಯನ್ನು.
ಬಲಗಡೆ ತುದಿ ಚೂರು ಕಿತ್ತಿದೆ.

ಗೀಟಿನ ಮೇಲೆ ಏನಂತ ಬರೆಯಲಿ?
ಅಪ್ಪ ಬರೆದದ್ದನ್ನೇ ನಕಲು ಮಾಡಿದ್ದೇನೆ:
ಈಟಿ ಒಂದು, ಬಂತು. ರುಮಾಲು ಒಂದು, ಬಂತು.
ಮೀಸೆ ನಂ. ೭, ವಾಪಸಿಲ್ಲ. ಬಾಕಿ ಮೂರು ರೂಪಾಯಿ.
ಲಿಯಾನಿಗೆ ಸ್ಟಾಂಪು ಎಷ್ಟಾಗುತ್ತೋ,
ನಾಳೆ ಪೋಸ್ಟಾಫೀಸಿನಲ್ಲಿ ಕೇಳಬೇಕು.